ಮೂರನೆಯ ಭಾನುವಾರ ಬಾಕಿ

ಹೊಸ ಡೀನರ ಸುದ್ದಿ ಟಾಮ್ಸಿನ್ ಕಿವಿಗೆ ಮೊದಲು ಬಿದ್ದದ್ದು ಹೊಳೆದಂಡೆಯಲ್ಲಿ, ಪಾದ್ರಿಗಳ ಬಿಳಿ ನಿಲುವಂಗಿಗಳನ್ನು ಬೂದಿನೀರಿನಲ್ಲಿ ಅದ್ದಿ ಕುಕ್ಕುತ್ತಿದ್ದಾಗ. ಗಂಟೆ ಹೊಡೆಯುವ ಓಬದಾಯ ಸೇತುವೆ ಮೇಲಿಂದಲೇ ಕೂಗಿದ.

"ಟಾಮ್ಸಿನಕ್ಕಾ, ದೊಡ್ಡ ಚರ್ಚಿಗೆ ಹೊಸ ಯಜಮಾನ ಬರ್ತಾ ಅವ್ನೆ! ನಾಯಿ ಕಾಲೆತ್ತುತ್ತೆ ಅಂತ ಹಿಂದಿನ ಊರಲ್ಲಿ ಬಲಿಪೀಠಕ್ಕೇ ಬೇಲಿ ಹಾಕ್ಸಿದ್ನಂತೆ!"

"ನಾಯಿಗೆ ಬೇಲಿ ಸರಿ, ನಮಗೇನು ಹಾಕ್ತಾನೋ ನೋಡು," ಎಂದು ಟಾಮ್ಸಿನ್ ನಕ್ಕಳು. ಗಂಡ ತೀರಿಹೋಗಿ ಎರಡು ವರ್ಷವಾಗಿತ್ತು. ನಗು ಆಗಷ್ಟೇ ಮರಳಿತ್ತು.

ಹಾಗೆ ಬಂದವರು ಜರ್ವೇಸ್ ಹಾರ್ಟ್‌ಕಪ್. ಕೈಗವಸು ಹೊಲಿಯುವವನ ಮಗ. ಓದಿನ ಬಲದಿಂದ ಬಿಷಪ್ಪರ ಮನೆ ಸೇರಿ, ನಲವತ್ತು ತುಂಬುವ ಮೊದಲೇ ಡೀನರಾಗಿದ್ದರು. ಬಂದ ತಿಂಗಳೊಳಗೆ ಇಲ್ಲಿನ ಬಲಿಪೀಠಕ್ಕೂ ಬೇಲಿ ಬಂತು, ಚರ್ಚಿನ ಅಂಗಳದಲ್ಲಿ ಹಂದಿ ಮೇಯುವುದು ನಿಂತಿತು, ಹಾಡುಗಾರರು ಕುಡಿದು ಬರುವುದು ನಿಂತಿತು. ಊರೆಲ್ಲ ಹೊಗಳಿತು. ಮೈಮೇಲೆ ಸಾರು ಚೆಲ್ಲಿಕೊಳ್ಳದೆ ಉಣ್ಣುವ ಪಾದ್ರಿಯನ್ನು ಈಗಲೇ ಕಂಡದ್ದು ಎಂದು ಟಾಮ್ಸಿನಳೂ ಹೊಗಳಿದಳು.

ಮೂರನೆಯ ವರ್ಷ ಅವಳ ಮಗಳು ಸಿಸ್ಲಿ ಮದುವೆಯಿಲ್ಲದೆ ಬಸುರಾದಳು. ಬಸುರು ಮಾಡಿದ ಹಾಡುಗಾರ ಊರು ಬಿಟ್ಟ. ಡೀನರು ತೀರ್ಪು ಕೊಟ್ಟರು: ಮೂರು ಭಾನುವಾರ ಬರಿಗಾಲಲ್ಲಿ, ಬಿಳಿ ಬಟ್ಟೆ ಹೊದ್ದು, ಊರಿನವರ ಮುಂದೆ ನಿಂತು ತಪ್ಪೊಪ್ಪಿಕೊಳ್ಳಬೇಕು. ಆ ಬಟ್ಟೆ ಚರ್ಚಿನದು. ಒಗೆಯುವವಳು ಟಾಮ್ಸಿನ್.

ಮಗಳ ಮೈಮೇಲೆ ಇನ್ನೊಬ್ಬರ ಕೊಳೆ ಬೇಡವೆಂದು ಅವಳು ಅದನ್ನು ಶನಿವಾರ ಇಡೀ ಕುಕ್ಕಿದಳು. ಹೊರಗೆ ಹಿಮ. ಬೆಳಿಗ್ಗೆಯಾದರೂ ಬಟ್ಟೆಯಿಂದ ನೀರು ತೊಟ್ಟಿಕ್ಕುತ್ತಿತ್ತು.

"ಇನ್ನೂ ಒಣಗಿಲ್ಲ ಸ್ವಾಮಿ," ಎಂದಳು.

"ಪರವಾಗಿಲ್ಲ, ಹೊದಿಸು," ಎಂದರು ಡೀನರು.

ಎರಡನೆಯ ಭಾನುವಾರವೂ ಹಾಗೆಯೇ ನಡೆಯಿತು. ಗುರುವಾರ ಸಿಸ್ಲಿ ಕೆಮ್ಮಿ ಕೆಮ್ಮಿ ಸತ್ತಳು, ಹೊಟ್ಟೆಯೊಳಗಿನ ಕೂಸೂ ಸತ್ತಿತು. ಚರ್ಚಿನ ನೆಲದಲ್ಲಿ ಮೂರಡಿ ಜಾಗ ಕೊಡಿ ಎಂದು ಟಾಮ್ಸಿನ್ ಡೀನರ ಕಾಲು ಹಿಡಿದಳು.

"ಎರಡು ಅಂದ್ರೆ ಮೂರಲ್ಲಮ್ಮ. ಶಿಕ್ಷೆ ಮುಗಿಸದವಳಿಗೆ ಗೋಡೆಯಾಚೆನೇ ಜಾಗ."

ಸಿಸ್ಲಿಯನ್ನು ಚರ್ಮ ಹದಮಾಡುವವರ ಕೊಳಚೆ ಹರಿಯುವ ಕಡೆ ಹೂತರು.

ಆಮೇಲೆ ರಾಜನಿಗೂ ಪಾರ್ಲಿಮೆಂಟಿಗೂ ಯುದ್ಧ ಹತ್ತಿತು. ಪಾರ್ಲಿಮೆಂಟಿನ ಸಿಪಾಯಿಗಳು ಚರ್ಚಿನೊಳಗೆ ಕುದುರೆ ಕಟ್ಟಿದರು, ಬಲಿಪೀಠದ ಬೇಲಿಯನ್ನು ಒಲೆಗೆ ಹಾಕಿದರು, ಡೀನರನ್ನು ಊರಾಚೆ ಅಟ್ಟಿದರು. ಟಾಮ್ಸಿನ್ ಆ ಗದ್ದಲದಲ್ಲಿ ಒಂದೇ ಒಂದು ವಸ್ತು ಕದ್ದಳು: ಆ ಬಿಳಿ ಬಟ್ಟೆ. ಮಗಳ ಮೈಗೆ ತಾಗಿದ್ದು ಅದೊಂದೇ ಉಳಿದಿತ್ತು.

ಹದಿನೇಳು ವರ್ಷದ ಮೇಲೆ ಹೊಸ ರಾಜ ಬಂದ, ಡೀನರೂ ಮರಳಿದರು. ಹಲ್ಲಿರಲಿಲ್ಲ, ನಾಲಿಗೆ ಹಾಗೇ ಇತ್ತು. ಟಾಮ್ಸಿನ್ ಬಟ್ಟೆ ತಂದು ಮುಂದಿಟ್ಟು ಮತ್ತೆ ಆ ಮೂರಡಿ ಬೇಡಿದಳು.

"ಒಂದು ಭಾನುವಾರ ಬಾಕಿಯಿದೆಯಲ್ಲ," ಎಂದರು. "ನೀನು ನಿಲ್ತೀಯಾ?"

ಅರವತ್ತು ದಾಟಿದ ಮುದುಕಿ ಬರಿಗಾಲಲ್ಲಿ ನಿಂತಳು. ಊರಿನ ಹುಡುಗರು ಅವಳತ್ತ ಸೇಬಿನ ಸಿಪ್ಪೆ ಎಸೆದರು. ಓಬದಾಯನ ಹೆಂಡತಿ, "ಈ ವಯಸ್ಸಲ್ಲಿ ಯಾವನಮ್ಮ ಸಿಕ್ಕಿದ್ದು?" ಎಂದು ನಕ್ಕಳು.

ಸೋಮವಾರ ಡೀನರ ಮುಂದೆ ಹೋದಳು.

"ಚೆನ್ನಾಗಿ ನಿಂತೆ. ಹಳೇ ಪದ್ಧತಿ ಮರಳಿದೆ ಅಂತ ಊರಿಗೆ ಕಾಣಿಸಬೇಕಿತ್ತು, ಕಾಣಿಸ್ತು. ಆದರೆ ಒಬ್ಬರ ಪಾಪಕ್ಕೆ ಇನ್ನೊಬ್ಬರು ನಿಂತರೆ ಲೆಕ್ಕಕ್ಕೆ ಬರಲ್ಲ."

ಅವಳು ಅಳಲಿಲ್ಲ. ಬಟ್ಟೆಯನ್ನು ಒಗೆಯಲು ಎತ್ತಿಕೊಂಡು ಹೋದಳು.

ಅದೇ ವಾರ ಡೀನರಿಗೆ ಜ್ವರ ಹಿಡಿಯಿತು. ಮೈಮೇಲೆ ಕಲೆ ಕಂಡದ್ದೇ ಅಂಟುಜಾಡ್ಯವೆಂದು ಹೆದರಿ ಆಳುಗಳು ಕಂಬಳಿ, ಬೆಳ್ಳಿಚಮಚ ಬಾಚಿಕೊಂಡು ಓಡಿದರು. ಶನಿವಾರ ಟಾಮ್ಸಿನ್ ಒಗೆದ ಬಟ್ಟೆಯ ಬುಟ್ಟಿ ಹೊತ್ತು ಒಳಗೆ ಹೋದಾಗ ಒಲೆ ಆರಿತ್ತು. ಡೀನರ ಬರಿಗಾಲು ಮಂಚದಿಂದಾಚೆ ನೀಲಿಗಟ್ಟಿತ್ತು.

"ಒಂದು ಸಾಲು ಬರೀರಿ ಸ್ವಾಮಿ. ನನ್ನ ಮಗಳನ್ನ ಒಳಗೆ ತರ್ತೀನಿ."

"ಎರಡು... ಮೂರಲ್ಲ," ಎಂದರು. ಹಲ್ಲಿಲ್ಲದ ಬಾಯಿ ನಡುಗುತ್ತಿತ್ತು. "ಚಳಿ ಕಣೆ. ಬುಟ್ಟಿಯಲ್ಲಿ ಏನಿದೆ?"

"ಆ ಬಿಳಿ ಬಟ್ಟೆ. ಇನ್ನೂ ಒಣಗಿಲ್ಲ ಸ್ವಾಮಿ."

"ಪರವಾಗಿಲ್ಲ," ಎಂದರು ಡೀನರು, "ಹೊದಿಸು."