ಬಾವಿಯ ಬಾಯಲ್ಲಿ ಒಂದು ನಿಮಿಷ

ಬಾವಿಯ ಬಾಯಲ್ಲಿ ಹಗ್ಗ ಹಿಡಿದು ನಿಂತವನಿಗೆ ಸುಮ್ಮನಿರು ಎಂದು ಯಾರೂ ಹೇಳಬಾರದು. ಸಿನಿಮಾ ಅಕ್ಕ ಹೇಳಿದಳು. ಆ ಸಿಟ್ಟು ಇವತ್ತಿಗೂ ಇಳಿದಿಲ್ಲ.

ತಲೆ ನರೆತ ಹೆಂಗಸು. ಎರಡು ಚೀಲ, ಒಂದು ಕ್ಯಾಮೆರಾ ಹೊತ್ತು ಒಬ್ಬಳೇ ಎರಡು ವರ್ಷ ನಮ್ಮ ಸುತ್ತಿನ ಹಳ್ಳಿಗಳಲ್ಲಿ ತಿರುಗಿದಳು. ಸಾಕ್ಷ್ಯಚಿತ್ರವಂತೆ. ದರ್ಜಿ, ಪಂಕ್ಚರ್ ಅಂಗಡಿಯವನು, ಹಾಲು ಅಳೆಯುವವಳು, ಇಂಥವರೇ ಬೇಕು ಅವಳಿಗೆ.

"ನಮ್ಮ ಮುಖ ನೋಡೋಕೆ ಯಾರು ಟಿಕೆಟ್ ತಗೋತಾರೆ ಅಕ್ಕಾ?" ಎಂದೆ.

"ಟಿಕೆಟ್ಟೇ ಇಲ್ಲ ಮೇಸ್ತ್ರಿ, ಆ ಧೈರ್ಯದ ಮೇಲೇ ಬಂದಿರೋದು."

ಪ್ರತಿ ಸಲವೂ "ತೆಗೀಲಾ?" ಎಂದು ಕೇಳಿಯೇ ಕ್ಯಾಮೆರಾ ಎತ್ತುತ್ತಿದ್ದಳು. ಹಾಲಿನವಳು ಬೇಸತ್ತು, "ಮದುವೆಗೆ ಮುಂಚೆ ನನ್ನ ಗಂಡನೂ ಇಷ್ಟು ಸಲ ಕೇಳಿರಲಿಲ್ಲ!" ಎಂದಿದ್ದಳು. ಅಕ್ಕ ನನ್ನ ಕಥೆಯನ್ನೂ ಕೇಳಿದಳು. "ಈ ಬಾವಿ ಮುಗೀಲಿ ಅಕ್ಕಾ, ಕೂತು ಎಲ್ಲಾ ಹೇಳ್ತೀನಿ," ಎಂದು ಮಾತು ಕೊಟ್ಟೆ.

ಹಳೆಯ ಬಾವಿಯ ಹೂಳು ತೆಗೆಯುವ ಕೆಲಸ. ಸೊಂಟಕ್ಕೆ ಹಗ್ಗ ಕಟ್ಟಿಕೊಂಡು ಕೆಳಗೆ ತಮ್ಮ, ಮೇಲೆ ರಾಟೆಯ ಹತ್ತಿರ ನಾನು. ಕೆಳಗಿನ ಕೆಟ್ಟ ಗಾಳಿ ಹೇಳಿ ಕೇಳಿ ಬರುವುದಿಲ್ಲ. ಅದಕ್ಕೇ ನಾನು ಬೈಯುತ್ತಲೇ ಇರಬೇಕು, ಅವನು ಎದುರುತ್ತರ ಕೊಡುತ್ತಲೇ ಇರಬೇಕು. ಉತ್ತರ ನಿಂತಿತೋ, ಎಳೆಯಬೇಕು. ಊರವರು ನನ್ನದು ಹೊಲಸು ಬಾಯಿ ಎನ್ನುತ್ತಾರೆ. ಅದು ಬಾವಿ ಕಲಿಸಿದ ಬಾಯಿ.

ಅಕ್ಕ ತಂತಿಗೆ ಕಟ್ಟಿದ ಮೈಕನ್ನು ಒಳಗೆ ಇಳಿಬಿಟ್ಟಳು. "ಮೇಸ್ತ್ರಿ, ಒಂದೇ ನಿಮಿಷ ಮಾತು ನಿಲ್ಲಿಸ್ತೀರಾ? ಕೆಳಗಿನ ಸದ್ದು ಮಾತ್ರ ಬೇಕು." ಎರಡು ವರ್ಷದಲ್ಲಿ ಅವಳು ಯಾರಿಗಾದರೂ ಹೀಗೆ ಮಾಡಿ ಎಂದದ್ದು ಅದೊಂದೇ ಸಲ. ದಾಕ್ಷಿಣ್ಯಕ್ಕೆ ಒಪ್ಪಿದೆ.

"ಲೋ, ಒಂದು ನಿಮಿಷ ಬಾಯ್ಮುಚ್ಕೊಂಡಿರು!"

"ನೀನು ಮುಚ್ಕೊಂಡ್ರೆ ನನಗೆ ಅದೇ ರಜಾ ಕಣಣ್ಣಾ!"

ಆಮೇಲೆ ಸದ್ದಿಲ್ಲ. ಹಗ್ಗ ನೋಡಿದೆ. ಸಡಿಲವಾಯಿತೇ? ಇಲ್ಲ. ಹೌದೇನೋ. ಕೂಗೋಣವೆಂದು ಬಾಯಿ ತೆರೆದು ಅಕ್ಕನ ಮುಖ ನೋಡಿ ನುಂಗಿಕೊಂಡೆ. ಅವಳು ಹೆಡ್‌ಫೋನ್ ಒತ್ತಿ ಹಿಡಿದು ಕಣ್ಣು ಮುಚ್ಚಿದ್ದಳು. ಥಟ್ಟನೆ ಕಣ್ಣು ಬಿಟ್ಟಳು.

"ಎಳೀರಿ! ಉಸಿರು ಸರಿಯಿಲ್ಲ, ಎಳೀರಿ!"

ಅವಳೂ ಹಗ್ಗಕ್ಕೆ ಕೈ ಹಾಕಿದಳು. ತಮ್ಮನ ತಲೆ ಜೋಲುತ್ತಾ ಮೇಲೆ ಬಂತು. ನೆಲಕ್ಕೆ ಮಲಗಿಸಿ ಕೆನ್ನೆ ತಟ್ಟಿದೆ, ಹೆಸರು ಹಿಡಿದು ಕೂಗಿದೆ. ಎಷ್ಟು ಹೊತ್ತೋ. ಕೊನೆಗೆ ಕೆಮ್ಮಿದ.

ಅವನು ಕೆಮ್ಮಿದ್ದೇ ತಡ, ಅಕ್ಕನ ಮೇಲೆ ಹರಿಹಾಯ್ದೆ. "ನಿನ್ನ ಸಿನಿಮಾಕ್ಕೆ ನನ್ನ ತಮ್ಮನೇ ಬೇಕಿತ್ತಾ? ನಡಿ ಇಲ್ಲಿಂದ!" ಹಗ್ಗ ಎಳೆದು ಅವಳ ಅಂಗೈ ಚರ್ಮ ಕಿತ್ತುಹೋಗಿತ್ತು. ಆ ಕೈಯಲ್ಲೇ ತಂತಿ ಸುತ್ತಿಕೊಂಡು ಹೋದಳು.

"ನೀನಾಗಿದ್ರೆ ಉತ್ತರ ನಿಂತ ಮೇಲೆ ಎಳೀತಿದ್ದೆ," ಎಂದ ತಮ್ಮ ಮಾರನೆಯ ದಿನ. "ಅಕ್ಕ ಉಸಿರು ನಿಲ್ಲೋಕೆ ಮುಂಚೆ ಎಳೆಸಿದಳು."

"ಸುಮ್ಮನಿರು ಅಂದವಳೂ ಅವಳೇ!" ಎಂದೆ. ಅದೂ ನಿಜ, ಇದೂ ನಿಜ.

ತಿಂಗಳಾದ ಮೇಲೆ ಅಕ್ಕ ನಮ್ಮ ಮನೆಯೆದುರಿನ ರಸ್ತೆಯಲ್ಲೇ ನಿಂತು, ಬಟ್ಟೆ ಸುತ್ತಿದ ಕೈ ಎತ್ತಿ ಕೇಳಿದಳು, "ಮೇಸ್ತ್ರಿ, ತೆಗೀಲಾ?"

ನಾನು ಒಳಗೆ ಹೋಗಿ ಬಾಗಿಲು ಹಾಕಿಕೊಂಡೆ. ಆಮೇಲೆ ಅವಳು ಈ ಕಡೆ ಬರಲಿಲ್ಲ.

ಆ ಬಾವಿ ಮುಗಿಯಿತು. ಅದಾದ ಮೇಲೆ ಇನ್ನೂ ಹನ್ನೊಂದು ಮುಗಿದವು. ಕೂತು ಹೇಳುತ್ತೇನೆ ಎಂದು ಅಕ್ಕನಿಗೆ ಕೊಟ್ಟ ಮಾತು ಹಾಗೇ ಬಾಕಿ ಇದೆ.