ಅವ್ವನಿಗಿಂತ ಹಿರಿಯನಾದ ಕರಿಯ

ಹುದಿಕೇರಿ ಕಡೆಯ ಎಸ್ಟೇಟೊಂದರ ಕೂಲಿಗಳ ಲೈನುಮನೆಯಲ್ಲಿ ಹುಟ್ಟಿ, ಅಲ್ಲೇ ಕಾಪಿ ಕುಯ್ಯುತ್ತ ಬೆಳೆದ ಜೇನುಕುರುಬರ ಕರಿಯನಿಗೆ ನಲವತ್ತೇಳು ವರ್ಷ. ಆಧಾರ್ ಕಾರ್ಡಿನಲ್ಲಿ ಮಾತ್ರ ಎಪ್ಪತ್ತಮೂರು. ಕಾರ್ಡು ಮಾಡುವ ಕ್ಯಾಂಪಿನ ಗದ್ದಲದಲ್ಲಿ ಯಾವನೋ ಪುಣ್ಯಾತ್ಮ ಇವನ ಹುಟ್ಟಿದ ವರ್ಷವನ್ನು ಅವ್ವ ದೊಡ್ಡಿಗೂ, ದೊಡ್ಡಿಯದನ್ನು ಇವನಿಗೂ ಬರೆದುಬಿಟ್ಟಿದ್ದ. ಸರ್ಕಾರದ ಲೆಕ್ಕಕ್ಕೆ ಮಗ ಅವ್ವನಿಗಿಂತ ಇಪ್ಪತ್ತಾರು ವರ್ಷ ದೊಡ್ಡವನು! ಲೈನಿನವರು 'ಅಜ್ಜಾ' ಎಂದು ರೇಗಿಸಿದರು, ಅವನೂ ನಕ್ಕ. ತಿದ್ದಿಸಲು ಯಾರು ಅಲೆಯುತ್ತಾರೆ? ಕಾಪಿ ಗಿಡವೇನು ವಯಸ್ಸು ಕೇಳುತ್ತದೆಯೇ?

ಕೇಳುವವರು ಕಾಡಿನಲ್ಲಿ ಸಿಕ್ಕರು. ಐವತ್ತು ವರ್ಷದ ಹಿಂದೆ ಅರಣ್ಯ ಇಲಾಖೆ ತಮ್ಮನ್ನು ಒಕ್ಕಲೆಬ್ಬಿಸಿದ್ದ ಹಾಡಿಗೆ, ಕಾಡೊಳಗಿನ ಆ ಹಳೆಯ ಕೇರಿಗೆ, ಹೋದ ವರ್ಷ ಕರಿಯ, ದೊಡ್ಡಿಯೂ ಸೇರಿ ಜೇನುಕುರುಬರು ವಾಪಸು ಬಂದು, ಟಾರ್ಪಾಲು ಕಟ್ಟಿಕೊಂಡು, ಇದು ನಮ್ಮ ಜಾಗ ಎಂದು ಅರ್ಜಿ ಹಾಕಿ ಕೂತಿದ್ದರು. ಮೊನ್ನೆ ವಿಚಾರಣೆಗೆ ಅಧಿಕಾರಿಯೊಬ್ಬ ಬಂದ. ಹಿಂದೆ ಇಲ್ಲಿ ಬಾಳಿದ ಹಿರಿಯರೊಬ್ಬರ ಹೇಳಿಕೆ ಅವತ್ತೇ ದಾಖಲಾಗದಿದ್ದರೆ ಅರ್ಜಿ ವಜಾ, ಟಾರ್ಪಾಲನ್ನೂ ಕೀಳುತ್ತಾರೆ. ಆ ಕಾಲದವರಲ್ಲಿ ಉಳಿದವಳು ದೊಡ್ಡಿ ಒಬ್ಬಳೇ.

ಅಧಿಕಾರಿ ಕಾರ್ಡು ನೋಡಿ ತಲೆಯಾಡಿಸಿದ. "ಈಯಮ್ಮಂಗೆ ನಲವತ್ತೇಳು. ಎಬ್ಬಿಸಿದಾಗ ಹುಟ್ಟೇ ಇರ್ಲಿಲ್ಲ."

"ಮುಖ ನೋಡಿ ಸಾರ್!" ಎಂದಳು ಹಾಡಿ ಸಮಿತಿಯ ಶೋಭಿತಾ.

"ಮುಖಾನ ಫೈಲಲ್ಲಿ ಇಡೋಕಾಗಲ್ಲಮ್ಮ."

ದೇವರು ವರ ಕೊಟ್ಟರೂ ಪೂಜಾರಿ ಕೊಡ ಅಂತಾರಲ್ಲ, ಹಾಗಾಯಿತು. ಶೋಭಿತಾಳಿಗೆ ರೇಗಿಹೋಯಿತು. "ಹಂಗಾದ್ರೆ ಕರಿಯಣ್ಣ ಹೇಳ್ತಾರೆ, ಬರ್ಕೊಳಿ. ಕಾರ್ಡಲ್ಲೇ ಎಪ್ಪತ್ಮೂರು!" ಅಧಿಕಾರಿ ಕರಿಯನ ಕಪ್ಪು ತಲೆ ನೋಡಿದ, ಕಾರ್ಡು ನೋಡಿದ, ತನ್ನ ಮಾತಿಗೆ ತಾನೇ ಸಿಕ್ಕಿಬಿದ್ದು ಪೆನ್ನು ತೆಗೆದ.

ಈ ಕಾಡನ್ನು ಕರಿಯ ಕಂಡದ್ದೇ ಹೋದ ವರ್ಷ. ದೊಡ್ಡಿ ಬೆನ್ನ ಹಿಂದೆ ಕೂತು ಪಿಸುಗುಟ್ಟಿದಳು, ಅವನು ಗಟ್ಟಿಯಾಗಿ ಹೇಳಿದ. "ನಾನು ಹುಟ್ಟಿದ್ದು ಇಲ್ಲೇ." "ಆ ಹಳ್ಳದಿಂದ ನೀರು ತರ್ತಿದ್ದೆ." "ನನ್ನ ಮದ್ವೆ ಆಗಿದ್ದೂ ಇಲ್ಲೇ." ಹೇಳುತ್ತ ಹೇಳುತ್ತ ತಾನು ಮಗನೋ ಅವ್ವನೋ ಎಂಬುದೇ ಅವನಿಗೆ ಕಲಸುಮೇಲೋಗರವಾಯಿತು. ಮಾತೆಲ್ಲ ನಿಜ, ಹೇಳುವವನೇ ಸುಳ್ಳು. ಇದು ಪಾಪವೋ ಪುಣ್ಯವೋ ಯಾರನ್ನು ಕೇಳುವುದು?

ಆಗ ದೊಡ್ಡಿ ಇನ್ನೂ ಮೆಲ್ಲಗೆ ಅಂದಳು: "ನನ್ನ ಚೊಚ್ಚಲ ಹೆಣ್ಣುಕೂಸನ್ನ ಇಲ್ಲೇ ಮಣ್ಣು ಮಾಡಿದೆ."

ಕರಿಯ ತಿರುಗಿ ನೋಡಿದ. ಚೊಚ್ಚಲು ತಾನೇ ಅಲ್ಲವೇ? ಹುಟ್ಟಿದಾಗಿನಿಂದ ಅದನ್ನೇ ನಂಬಿದ್ದ. ಅಯ್ಯೋ, ತನಗೊಬ್ಬಳು ಅಕ್ಕ ಇದ್ದಳೇ? ಲೈನಿನ ಒಂದೇ ಕೋಣೆಯಲ್ಲಿ ಇಷ್ಟು ಕಾಲ ಕೂಡಿ ಉಂಡರೂ ಅವ್ವ ಯಾಕೆ ಬಾಯಿ ಬಿಡಲಿಲ್ಲ?

"ಮುಂದೆ?" ಎಂದ ಅಧಿಕಾರಿ.

"ಅವ್ವಾ, ಇದನ್ನ ನನ್ ಕೈಲಿ ಹೇಳಾಕಾಗಲ್ಲ," ಎಂದ ಕರಿಯ. "ನೀನೇ ಹೇಳು."

ಎಲ್ಲ ಕೆಟ್ಟಿತೆಂದು ಶೋಭಿತಾ ಹಣೆ ಚಚ್ಚಿಕೊಂಡಳು. ದೊಡ್ಡಿ ಎದ್ದು ಬಂದು ಅಧಿಕಾರಿಯ ಎದುರು ನಿಂತು ಅದೇ ಮಾತನ್ನು ಗಟ್ಟಿಯಾಗಿ ಹೇಳಿದಳು. ಅವನು ಫೈಲು ಹಿಡಿದು ಎದ್ದ.

"ಎಲ್ಲಿ ಅಜ್ಜಿ, ಜಾಗ ತೋರಿಸಿ. ಅದನ್ನ ಫೈಲಲ್ಲಿ ಬರೀಬೋದು," ಎಂದ.

ದೊಡ್ಡಿ ಪೊದೆ ಸರಿಸುತ್ತ ಸರಸರನೆ ನಡೆದಳು, ಅಧಿಕಾರಿ ಹಿಂದೆ ಹೋದ. ಅಕ್ಕನಿಗೆ ಹೆಸರಿಟ್ಟಿದ್ದರೋ ಇಲ್ಲವೋ ಎಂದು ಕೇಳಬೇಕೆಂದುಕೊಳ್ಳುತ್ತ ಕರಿಯ ಎಲ್ಲರಿಗಿಂತ ಹಿಂದೆ ನಡೆದ.