ಡಬ್ಬಿಯಲ್ಲಿ ಉಳಿದ ನರ್ಸ್

ಹೋದ ವಾರ ಸೇಡಂನಲ್ಲಿ ನಾನೊಬ್ಬ ಸಿನಿಮಾ ನಟಿಯನ್ನು ಮಾಯ ಮಾಡಿದೆ. ಅದೂ ಆಕೆಯ ತಾಯಿಯ ಕಣ್ಣೆದುರಿಗೇ. (ಪೊಲೀಸರು ಬರಬೇಕಾಗಿಲ್ಲ. ನಟಿ ಮದರಾಸಿನಲ್ಲಿ ಕ್ಷೇಮ.)

ನಾನು ಅಲ್ಲಿನ ಟಾಕೀಸಿನಲ್ಲಿ ಪಿಕ್ಚರ್ ಓಡಿಸುವ ಆಪರೇಟರ್. ನಾಲ್ಕನೇ ಇಯತ್ತೆ ಫೇಲ್. ಸುತ್ತಿ ಬಳಸಿ ಹೇಳುವುದು ನನಗಾಗದು. ಪಿಕ್ಚರ್ ಉದ್ದ ಆದರೆ ಸುಲೇಪೇಟದವರಿಗೆ ಕೊನೆ ಬಸ್ಸು ತಪ್ಪುತ್ತದೆ. ಅದಕ್ಕೆ ಒಂದು ರೀಲು ಡಬ್ಬಿಯಲ್ಲೇ ಬಿಡುವುದು ನಮ್ಮ ಪದ್ಧತಿ. ಯಾವುದು ಅಂತ ಆರಿಸುವವನು ನಾನು. ನನಗಿಂತ ದೊಡ್ಡ ಡೈರೆಕ್ಟರ್ ಯಾರಿದ್ದಾರೆ?

ಈ ಸಲ ಆಸ್ಪತ್ರೆ ರೀಲು ಬಿಟ್ಟೆ. ಹೀರೋ ಏಟು ತಿಂದು ಬಿದ್ದ. ಮುಂದಿನ ರೀಲಿನಲ್ಲಿ ಎದ್ದು ಓಡಿದ. ನಡುವೆ ಔಷಧಿ ಯಾಕೆ?

ಫಸ್ಟ್ ಶೋ ಮುಗಿಯಿತು. ಸುಲೇಪೇಟದ ನಾಗಮ್ಮ ಕ್ಯಾಬಿನ್ ಮೆಟ್ಟಿಲು ಹತ್ತಿ ಬಂದರು. ಹಿಂದೆ ಅವರ ಓಣಿಯ ಹೆಂಗಸರು.

"ತಮ್ಮಾ, ನನ್ನ ಮಗಳು ಶಾಂತಾ ಎಲ್ಲಿ? ನರ್ಸ್ ಆಗೀನಿ, ಮಾತೂ ಆಡೀನಿ ಅಂದಿದ್ಳಲ್ಲ?"

ನನ್ನ ಕಣ್ಣು ಡಬ್ಬಿಯ ಕಡೆ ಹೋಯಿತು. ಆಸ್ಪತ್ರೆ ರೀಲು ಅದರೊಳಗೇ ಇತ್ತು.

ಹಿಂದಿನಿಂದ ಒಬ್ಬಾಕೆ ಅಂದಳು, "ವರ್ಷದಿಂದ ಪಿಚ್ಚರ್, ಪಿಚ್ಚರ್ ಅನ್ನಾಕತ್ತೀದಿ ನಾಗಕ್ಕ. ಹೀರೋನ ಅಂಗಿ ಆಗಿದ್ಳೇನು? ನಡೀರಿ, ಬಸ್ ಹೋಗ್ತದ."

ನಾಟಕ ಕಂಪನಿ ಬಿಟ್ಟು ಮದರಾಸಿಗೆ ಹೋದ ಹುಡುಗಿಯ ಬಗ್ಗೆ ಊರು ಏನೆಲ್ಲ ಮಾತಾಡುತ್ತದೆ, ನಿಮಗೆ ಗೊತ್ತಿಲ್ಲವೇ? ಆ ಬಾಯಿಗಳನ್ನೆಲ್ಲ ಮುಚ್ಚಿಸಲಿಕ್ಕೇ ನಾಗಮ್ಮ ಇವರನ್ನು ಕರೆತಂದಿದ್ದರು. ಇವರು ಹೀಗೇ ಬಸ್ಸು ಹತ್ತಿದರೆ ತಾಯಿ ಸುಳ್ಳುಗಾತಿ, ಮಗಳು ಇನ್ನೇನೋ.

ಹೊರಗೆ ಬಸ್ಸು ಹಾರನ್ ಹೊಡೆಯುತ್ತಿತ್ತು.

"ಕೆಳಗ ಹೋಗಿ ಕುಂದ್ರಿ ಯಮ್ಮಾ, ಆ ರೀಲು ಈಗ ಹಾಕ್ತೀನಿ," ಅಂದೆ. ಗೇಟ್ ಕೀಪರ್ ಮಹಬೂಬ್ ಚಾಚಾ ನನ್ನನ್ನು ನೋಡಿ, "ಲೇ ಶಾಣ್ಯಾ, ಹೀರೋನ್ನ ದವಾಖಾನಿ ಇಲ್ದಂಗ ಆರಾಮ ಮಾಡಿದ್ಯಾ?" ಅಂತ ನನ್ನ ಜಾಣತನಕ್ಕೆ ಬೈದು ಬಸ್ಸಿನ ಕಡೆ ಓಡಿದರು. ಡ್ರೈವರ್, ಕಂಡಕ್ಟರ್ ಇಬ್ಬರನ್ನೂ ಕೈ ಹಿಡಿದು ಎಳೆತಂದು ಕೂರಿಸಿದರು. "ನಿಮ್ಮ ಬಸ್ಸು ಹೋಗೋ ಊರಿನ ಹುಡುಗಿ ಪರದೆ ಮ್ಯಾಲ ಬರಾಕತ್ತಾಳ, ನೋಡ್ರಿ!"

ರೀಲು ಓಡಿತು. ಬಿಳಿ ಸೀರೆಯ ಶಾಂತಾ ಬಂದಳು. ಹೀರೋನ ಬಾಯಲ್ಲಿ ಥರ್ಮಾಮೀಟರ್ ಇಟ್ಟಳು. "ಹೆದರಬೇಡಿ, ಬೆಳಗಾಗುವುದರೊಳಗೆ ಜ್ವರ ಇಳಿಯುತ್ತೆ," ಅಂದಳು. ಹೋದಳು. ಅಷ್ಟೇ.

ಕಂಡಕ್ಟರ್ ಸೀಟಿ ಊದಿಬಿಟ್ಟ. ನಾಗಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡು, "ನನಗ ಜ್ವರ ಬಂದಾಗ ಒಂದು ಕಪ್ ಚಾನೂ ಕೊಟ್ಟಾಕಿ ಅಲ್ಲ!" ಅಂದರು. ಅಂಗಿಯ ಮಾತಾಡಿದಾಕೆಯೇ ಕೂಗಿದಳು, "ಇನ್ನೊಮ್ಮಿ ಹಾಕ್ರಿ! ಡ್ರೈವರ್ ಇಲ್ಲೇ ಕುಂತಾನ!"

ಹಾಕಿದೆ. ನಾಟಕ ಕಂಪನಿಯ ಲಾರಿಯಲ್ಲಿ ಊರೂರು ಅಲೆದು, ಸ್ಟುಡಿಯೋ ಬಾಗಿಲಲ್ಲಿ ನಿಂತು ನಿಂತು ಆ ಹುಡುಗಿ ಸಂಪಾದಿಸಿದ್ದು ಆ ಒಂದು ಮಾತು. ನನಗೆ ಅದು ಬೇಡದ್ದಾಗಿ ಕಂಡಿತ್ತು.

ಹೋಗುವಾಗ ನಾಗಮ್ಮ ಮೆಟ್ಟಿಲ ಕೆಳಗೆ ನಿಂತು ಕೇಳಿದರು. ಬೈಗುಳ ಅಲ್ಲ, ನಿಜವಾದ ಚಿಂತೆ.

"ತಮ್ಮಾ, ಉಳಿದ ಊರಾಗೂ ನಿನ್ನಂಥ ಶಾಣ್ಯಾರು ಅದಾರೇನು?"